ಬಾಚಲೆ ಬರೆದ ಹೆಸರು

ಹೊನ್ನಸರದ ಕೋಟೆಯಲ್ಲಿ ಸಾವಿನಂಚಿನಲ್ಲಿದ್ದವರ ಹೆಸರನ್ನು ತಾಳೆಗರಿಯ ಮೇಲೆ ಬರೆದು ಅವರನ್ನು ಉಳಿಸುವುದು ಬಾಚಲೆಯ ಕೆಲಸ. ಅವಳ ಕಬ್ಬಿಣದ ಲೇಖನಿ ಜೀವ ಉಳಿಸುತ್ತಿತ್ತು, ಆದರೆ ಬರೆದ ಹೆಸರನ್ನು ಅವಳ ನೆನಪಿನಿಂದ ಕಿತ್ತುಕೊಳ್ಳುತ್ತಿತ್ತು. ಮತ್ತೆ ಯಾರು ಹೇಳಿಕೊಟ್ಟರೂ ಅದು ತಲೆಯಲ್ಲಿ ನಿಲ್ಲುತ್ತಿರಲಿಲ್ಲ. ಹಾಗಾಗಿ ಅರ್ಧ ಊರನ್ನು ಅವಳು "ಕಮ್ಮಾರಣ್ಣ", "ಹಸಿರು ಸೀರೆಯಕ್ಕ" ಎಂದೇ ಕರೆಯುತ್ತಿದ್ದಳು. ಯಾರೂ ಬೇಸರ ಮಾಡಿಕೊಳ್ಳುತ್ತಿರಲಿಲ್ಲ.

ಅಂದು ಮಧ್ಯಾಹ್ನ ಪರವೂರಿನ ಹೆಂಗಸೊಬ್ಬಳು ನೀಲಿಚೇಳು ಕಡಿದ ಮಗಳನ್ನು ಹೊತ್ತು ಓಡಿಬಂದಳು. ಹುಡುಗಿಯ ತುಟಿ ಕಪ್ಪಿಟ್ಟಿತ್ತು.

"ಹೆಸರು ಹೇಳವ್ವ, ಬೇಗ!" ಬಾಚಲೆ ಗರಿ ಎಳೆದುಕೊಂಡಳು.

"ಸುರಗಿ."

ಬಾಚಲೆಯ ಕೈ ನಿಂತುಬಿಟ್ಟಿತು. ಎಂಟು ವರ್ಷದ ಹಿಂದೆ ಹೊಳೆಪಾಲಾದ ಅವಳ ಮಗಳ ಹೆಸರೂ ಸುರಗಿಯೇ. ಅಂದಿನಿಂದ ದಿನಾ ಬೆಳಿಗ್ಗೆ ಒಮ್ಮೆಯಾದರೂ ಆ ಹೆಸರನ್ನು ಅವಳು ಗಟ್ಟಿಯಾಗಿ ಕರೆಯುತ್ತಿದ್ದಳು.

"ಬೇರೆ ಹೆಸರೇನಾದ್ರೂ ಇದೆಯಾ? ಮುದ್ದಿನ ಹೆಸರು?"

"ಇಲ್ಲ ತಾಯಿ! ಉಸಿರು ನಿಲ್ತಾ ಇದೆ, ಬರೀರಿ!"

ಹುಡುಗಿಯ ಎದೆ ಏರಿತು, ಇಳಿಯಿತು, ಮತ್ತೆ ಏರಲಿಲ್ಲ. ಬಾಚಲೆ ಹಲ್ಲು ಕಚ್ಚಿ ಮೂರು ಅಕ್ಷರ ಕೊರೆದಳು.

ಹುಡುಗಿ ಕೆಮ್ಮಿ ಕಣ್ಣು ಬಿಟ್ಟಳು. ತಾಯಿ ಅವಳನ್ನು ಅಪ್ಪಿಕೊಂಡು ಗೊಳೋ ಎಂದು ಅತ್ತಳು. ಬಾಚಲೆ ತನ್ನ ಮಗಳನ್ನು ಕರೆಯಲು ಬಾಯಿ ತೆರೆದಳು. ಮುಖ ಕಣ್ಣಿಗೆ ಕಟ್ಟಿದಂತಿತ್ತು, ಹೆಸರು ಮಾತ್ರ ಬರಲಿಲ್ಲ.

"ನಿಮಗೇನು ಕೊಡ್ಲಿ ತಾಯಿ?" ಎಂದಳು ಹೆಂಗಸು.

"ಏನೂ ಬೇಡ. ಸಂಜೆವರೆಗೆ ಇಲ್ಲೇ ಇರು. ಮಗಳನ್ನ ಹೆಸರು ಹಿಡಿದು ಕರೀತಾ ಇರವ್ವ. ನಾನು ಕೇಳ್ತಾ ಕೂತಿರ್ತೀನಿ."