ಅಕ್ಕನ ಮಾತು

"ಕೂಸಿನ ಮುಖಾನೂ ನೋಡ್ಬೇಡ ಅಂದ್ರು. ಬಟ್ಟೇಲಿ ಸುತ್ತಿ ಯಾರಿಗೋ ದತ್ತು ಕೊಟ್ಬಿಟ್ರು," ಎಂದು ಟಿವಿಯಲ್ಲಿ ನಟಿ ಹೇಳುತ್ತಿದ್ದಂತೆ ಎನಿಡ್‌ಳ ಕೈಯಲ್ಲಿದ್ದ ಹೆಣಿಗೆ ನಿಂತಿತು. ಆ ಮಾತನ್ನು ಅವಳು ತನ್ನ ತಮ್ಮ ನೆವಿಲ್ ಒಬ್ಬನಿಗೇ, ಅವ್ವನನ್ನು ಮಣ್ಣು ಮಾಡಿದ ದಿನ ಹೇಳಿದ್ದಳು. ಈ ನಾಟಕ ಬರೆದವನು ಅವನೇ; ಈಗ ಅವರ ಜೊತೆಯಲ್ಲೇ ಕೂತು ನೋಡುತ್ತಿದ್ದ.

ಅವಳ ಗಂಡ ವಿಲ್ಫ್ ಕಣ್ಣೊರೆಸಿಕೊಂಡ. "ಇಂಥಾ ಮಾತೆಲ್ಲ ಎಲ್ಲಿಂದ ತರ್ತೀಯೋ ಮಾರಾಯ? ನಾಳೆ ಗಣೀಲಿ ಎಲ್ಲರ ಬಾಯಲ್ಲೂ ಇದೇ."

"ಎಲ್ಲಾ ಕಲ್ಪನೆ, ಭಾವ," ಎಂದ ನೆವಿಲ್, ಚಹಾದ ಕಪ್ಪಿನಿಂದ ಕಣ್ಣೆತ್ತದೆ.

ಎನಿಡ್ ಎದ್ದು ಟಿವಿ ಆರಿಸಿದಳು. "ಕಲ್ಪನೆಯಲ್ಲ ವಿಲ್ಫ್, ನನ್ನ ಮಗಳು. ನಿನ್ನನ್ನ ನೋಡೋಕೂ ಮುಂಚೆ ಹೆತ್ತಿದ್ದು. ಬರೋ ಮಂಗಳವಾರ ಹತ್ತೊಂಬತ್ತು ತುಂಬುತ್ತೆ."

ನೆವಿಲ್‌ಗೆ ಮೊದಲು ಅನ್ನಿಸಿದ್ದು, ನಾಟಕವನ್ನು ಈ ಮಾತಿನಿಂದ ಮುಗಿಸಬೇಕಿತ್ತು ಎಂದು.