ಮಿಂಚುಳ್ಳಿಯ ಮೊದಲ ಹಾಡು

ರೇಡಿಯೊದವಳು ಆ ಹೆಸರು ಹೇಳಿದಾಗ ಅವನ ಕೈಯ ಕತ್ತಿ ಮನೆ ದಲ್ಲಾಳಿಯ ಗಂಟಲಿನ ಮೇಲಿತ್ತು. "ವೇದಿಕೆ ಮೇಲೆ ಹೆಣ್ಣಾಗಿ ಕುಣಿದು ಎಲ್ಲರಿಗೂ ಹುಚ್ಚು ಹಿಡಿಸಿದ ಮಿಂಚುಳ್ಳಿ, ಇವತ್ತು ಮೊದಲ ಸಲ ತನ್ನದೇ ದನೀಲಿ! ಈ ಹಾಡು ಇನ್ನೂ ಯಾರೂ ಕೇಳಿಲ್ಲ, ಎದ್ದು ಕುಣೀರಿ!" ಎಂದು ಕಿರುಚಿದಳು ಪುಣ್ಯಾತ್ಗಿತ್ತಿ. ಮಧ್ಯಾಹ್ನ ಎರಡಕ್ಕೆ ಹಾಕುತ್ತೇವೆ ಎಂದಿದ್ದರು. ಎರಡಕ್ಕಾಗಿದ್ದರೆ ಅಂಗಡಿಗೆ ಬೀಗ, ಅಪ್ಪ ಉಂಡು ಮಲಗಿರುತ್ತಿದ್ದ. ಈಗಿನ್ನೂ ಹತ್ತೂಕಾಲು. ಅಪ್ಪ ಪಕ್ಕದ ಖಾಲಿ ಕುರ್ಚಿಗೆ ಒರಗಿ ನಿಂತು, ತನ್ನ ಕತ್ತಿಯನ್ನು ಚರ್ಮದ ಪಟ್ಟಿಗೆ ಉಜ್ಜುತ್ತಿದ್ದ.

ಧಂ ಧಂ ಎಂದು ಹಾಡು ಶುರುವಾಯಿತು. ಅವನ ಕೈಯ ಕತ್ತಿ ಇದ್ದಲ್ಲೇ ನಿಂತಿತು. ಮಿಂಚುಳ್ಳಿ ಎಂದರೆ ಇವನೇ. ಅಪ್ಪನ ಅಂಗಡಿಯಲ್ಲಿ ಎರಡನೇ ಕುರ್ಚಿಯ ಕ್ಷೌರಿಕ. ಶನಿವಾರ ಸಂಜೆ "ಗೆಳೆಯನ ಮನೆಗೆ" ಎಂದು ಹೇಳಿ ಹೋಗುವವನು. ಕಂಪ್ಯೂಟರಿನಲ್ಲೇ ತಾಳಮೇಳ ಎಲ್ಲ ಕೂಡಿಸಿ ಕುಣಿತದ ಹಾಡು ಮಾಡುವ ಹುಡುಗಿಯೊಬ್ಬಳು ಹಿಂದೆ ಬಿದ್ದು, ಗೋಡೆಗೆಲ್ಲ ಕಂಬಳಿ ಹೊಡೆದ ಕೋಣೆಯಲ್ಲಿ ಕೂಡಿಹಾಕಿ ಇವನಿಂದ ಹಾಡಿಸಿದ್ದಳು. "ನಿನ್ನ ದನೀನ ಹಿಂಡಿ ಎಳೆದು ಬೇರೇನೇ ಮಾಡಿಟ್ಟಿದೀನಣ್ಣ. ಹೆತ್ತವರು ಕೇಳಿದ್ರೂ ಗೊತ್ತಾಗಲ್ಲ, ಸುಮ್ನಿರು" ಎಂದಿದ್ದಳು. ಅವಳದೇನು ಹೋಗಬೇಕು! ಇವನಿಗೆ ಹೆತ್ತವರು ಅಂತ ಉಳಿದಿದ್ದು ಒಬ್ಬನೇ ಒಬ್ಬ, ಅವನೂ ಮೂರಡಿ ದೂರದಲ್ಲಿ ಕತ್ತಿ ಮಸೆಯುತ್ತಿದ್ದ.

"ಈ ಮಿಂಚುಳ್ಳೀನೇ ಅಲ್ವೇನ್ರೀ, ಆ ಲಂಗ ಹಾಕ್ಕೊಂಡು ಕುಣಿಯೋನು?" ನೊರೆಯೊಳಗಿಂದ ದಲ್ಲಾಳಿ ಬಾಯಿಬಿಟ್ಟ. "ಆವತ್ತೇ ಹೇಳಿದ್ನಲ್ಲ, ಇಂಥವು ಮನೇಲಿ ಹುಟ್ಟಿದ್ರೆ ಹೊಸ್ತಿಲು ತುಳಿಯೋಕೂ ಬಿಡಬಾರದು ಅಂತ."

ಹೌದು, ಹೇಳಿದ್ದ. ಎರಡು ವರ್ಷದ ಹಿಂದೆ, ಇದೇ ಕುರ್ಚಿಯಲ್ಲಿ ಕೂತು, ಫೋನಿನಲ್ಲಿ ಮಿಂಚುಳ್ಳಿಯ ಫೋಟೊ ತೋರಿಸಿ. ಅಪ್ಪ ಅದನ್ನು ಕನ್ನಡಕ ಏರಿಸಿ ತುಂಬ ಹೊತ್ತು ನೋಡಿ "ಹ್ಞೂಂ" ಎಂದಿದ್ದ, ಅಷ್ಟೇ. ಆ ಒಂದು ಹ್ಞೂಂಕಾರ ಅಂದಿನಿಂದ ಮಗನ ನಿದ್ದೆ ತಿಂದಿತ್ತು. ಅಪ್ಪ ಬೈದಿದ್ದರೆ ಎಷ್ಟೋ ವಾಸಿಯಿತ್ತು.

"ಕತ್ತಿ ಯಾಕೋ ಗಂಟಲಲ್ಲೇ ನಿಂತ್ಬಿಡ್ತು? ನೋಡ್ಕೊಂಡು ಮಾರಾಯ, ಇರೋದೊಂದೇ ಕುತ್ತಿಗೆ!" ಎಂದ ದಲ್ಲಾಳಿ.

ಅಪ್ಪ ತಲೆ ಎತ್ತಿ ರೇಡಿಯೊ ಕಡೆ ನೋಡಿದ. ಕಿವಿಗೊಟ್ಟ. "ಯಾರೋ ಹುಡುಗಿ ಹಾಡಿದ ಹಾಗಿದೆಯಪ್ಪ" ಎಂದ.

ಹೋದ ಜೀವ ಬಂದ ಹಾಗಾಯಿತು. ಸದ್ಯ, ಗೊತ್ತಾಗಲಿಲ್ಲ! ಅವನು ಉಸಿರು ಬಿಟ್ಟು, ಕತ್ತಿ ಒರೆಸಿ, ದಲ್ಲಾಳಿಯ ಬಲಗೆನ್ನೆಗೆ ಕೈ ಹಾಕಿದ. ಕೈ ಸರಾಗವಾಗಿ ಓಡತೊಡಗಿತು. ಆಮೇಲೆ ಏಕೋ ಕಣ್ಣೆತ್ತಿ ಕನ್ನಡಿ ನೋಡಿದರೆ, ಅಪ್ಪ ಮಸೆಯುವುದನ್ನು ನಿಲ್ಲಿಸಿದ್ದ. ರೇಡಿಯೊವನ್ನು ನೋಡುತ್ತಿರಲಿಲ್ಲ, ಇವನ ಬಾಯನ್ನು ನೋಡುತ್ತಿದ್ದ.

ಬಾಯಿ ಹಾಡುತ್ತಿತ್ತು! ಸದ್ದಿಲ್ಲ, ತುಟಿ ಮಾತ್ರ. ಹನ್ನೊಂದು ವರ್ಷ ವೇದಿಕೆಯಲ್ಲಿ ಅವನು ಮಾಡಿದ್ದು ಅದನ್ನೇ. ಯಾರದೋ ಹಾಡು ಹಾಕಿದರೆ ಸಾಕು, ಒಂದಕ್ಷರ ಹಿಂದೆಮುಂದೆ ಆಗದಂತೆ ತುಟಿ ತಾನಾಗಿ ಆಡುತ್ತಿತ್ತು. ಈಗ ತನ್ನ ಹಾಡಿಗೇ ಆಡಿಬಿಟ್ಟಿತ್ತು. ಅಷ್ಟೇ ಅಲ್ಲ, ಎರಡು ಸಾಲಿನ ನಡುವೆ ಅವನು ನಾಚಿಕೆಯಿಂದ ಕಿಸಕ್ಕೆಂದು ನಕ್ಕಿದ್ದನ್ನು ಆ ಹುಡುಗಿ ಹಾಗೇ ಉಳಿಸಿಕೊಂಡಿದ್ದಳು. ರೇಡಿಯೊ ನಗುವುದಕ್ಕೆ ಮೊದಲೇ ಕನ್ನಡಿಯಲ್ಲಿ ಅವನ ಮುಖ ನಕ್ಕಾಗಿತ್ತು. ಇನ್ನೂ ಯಾರೂ ಕೇಳದ ಹಾಡಂತೆ!

ತುಟಿ ಕಚ್ಚಿ ಹಿಡಿದ. ತಡವಾಗಿತ್ತು. ಅಪ್ಪ ಎರಡೇ ಹೆಜ್ಜೆಗೆ ಬಂದು, ಬಿಸಿ ಟವೆಲ್ ತೆಗೆದು ದಲ್ಲಾಳಿಯ ಮುಖದ ಮೇಲೆ, ಕಣ್ಣೂ ಮುಚ್ಚುವಂತೆ ಹೊದಿಸಿದ. ಆಮೇಲೆ ಕೈ ಚಾಚಿ ರೇಡಿಯೊ ಆರಿಸಿದ. ಹೊರಗಿನವರ ಎದುರು ಬೇಡ ಅಂತ ಇರಬೇಕು, ಎಂದುಕೊಂಡ ಮಗ. ದಲ್ಲಾಳಿಯ ಉಳಿದ ಕ್ಷೌರ ಮುಗಿಸಿ, ಮುಖ ಒರೆಸಿ, ಪೌಡರ್ ಬಳಿದು, ಬಾಗಿಲವರೆಗೆ ಕಳಿಸಿದ್ದೂ ಅಪ್ಪನೇ. ಹಿಂತಿರುಗಿ ಬಂದವನು ಬಾಗಿಲಿಗೆ ಚಿಲಕ ಹಾಕಿದ.

"ಬಾ, ಕೂತ್ಕೋ."

ಇಪ್ಪತ್ತೊಂಬತ್ತು ವರ್ಷದ ಗಂಡಸು, ಮೊದಲ ಸಲ ಕ್ಷೌರಕ್ಕೆ ಬಂದ ಮಗುವಿನಂತೆ ಕೂತ. ಅಪ್ಪ ಕುತ್ತಿಗೆಗೆ ಬಿಳಿ ಬಟ್ಟೆ ಬಿಗಿದ. ಬೆಳಿಗ್ಗೆಯೇ ಬೋಳಿಸಿಕೊಂಡಿದ್ದ ಕೆನ್ನೆಗೆ ಮತ್ತೆ ನೊರೆ ಹಚ್ಚಿದ. ಹೆಬ್ಬೆರಳಿನಿಂದ ಗದ್ದ ಎತ್ತಿದ. ಈಗಷ್ಟೇ ಮಸೆದ ಕತ್ತಿ ತಣ್ಣಗೆ ಗಂಟಲಿಗೆ ತಾಗಿತು.

"ಅಪ್ಪಾ, ನಾನು..."

"ಅಲ್ಲಾಡ್ಬೇಡ."

ಅವನು ಗಟ್ಟಿಯಾಗಿ ಕಣ್ಣು ಮುಚ್ಚಿದ. ಮನೆ ಹೋಯಿತು, ಅಂಗಡಿ ಹೋಯಿತು, ಅಪ್ಪನೂ ಹೋದ ಎಂದು ಮನಸ್ಸು ಒಂದೇ ಸಮನೆ ಹೇಳುತ್ತಿತ್ತು. ಕತ್ತಿ ಗಂಟಲಿನಿಂದ ದವಡೆಯ ಕಡೆಗೆ ಮೆಲ್ಲಗೆ ಏರಿತು.

"ಬಣ್ಣ ಹಚ್ಚೋ ಮುಖಕ್ಕೆ ಹೀಗೇನೋ ಬೋಳಿಸ್ಕೊಳ್ಳೋದು?" ಎಂದ ಅಪ್ಪ. "ಕೆಳಗಿಂದ ಮೇಲಕ್ಕೆ, ಉಲ್ಟಾ ಎಳೀಬೇಕು. ದವಡೆ ಹತ್ರ ಗಡ್ಡದ ನೀಲಿ ಹಾಗೇ ಉಳಿದಿತ್ತು. ಹೋದ ಶನಿವಾರ ಕೊನೇ ಸಾಲಿಗೂ ಕಾಣ್ತಿತ್ತು."