ಶಾಂತಿಗೆ ಇಡದ ಎಡೆ

ಅಜ್ಜಿ ರಾಚಮ್ಮ ಪ್ಲಗ್ಗನ್ನೇ ಕಿತ್ತಳು. ಚಟ್ಟನೆ ಕಿಡಿ ಹಾರಿತು. ಸಾಲಾಗಿ ಜೋಡಿಸಿದ್ದ ಹಳೆಯ ಟಿವಿಗಳೆಲ್ಲ ಒಮ್ಮೆಲೇ ಕಪ್ಪಾದವು.

“ಸಾಕು ಕಣಮ್ಮಿ. ಅವ್ಳ ಪಾಡ್ಗೆ ಅವ್ಳು ಇರ್ಲಿ ಬುಡು.”

“ಸತ್ತೋಳಿಗೆ ಇದ್ರಿಂದ ಏನಾಗುತ್ತಜ್ಜಿ?” ಎಂದಳು ಶಿವರಂಜಿನಿ.

“ನಾಳೆ ಜನ ನೋಡ್ತಾರೆ. ಅದು ಬ್ಯಾಡ.” ಹರದನಹಳ್ಳಿ ಬಸ್ಸು ತಪ್ಪುತ್ತದೆಂದು ಗೊಣಗುತ್ತ ಅಜ್ಜಿ ಹೊರಟೇಹೋದಳು.

ಶಿವರಂಜಿನಿಗೆ ಸಿಟ್ಟು ಬರಲಿಲ್ಲ. ಬಹಳ ದಿನಗಳಿಂದ ಅವಳಿಗೆ ಸಿಟ್ಟಾಗಲಿ ಅಳುವಾಗಲಿ ಏನೂ ಬರುತ್ತಿರಲಿಲ್ಲ. ಊರವರ ನೆನಪುಗಳನ್ನೆಲ್ಲ ವಿಡಿಯೊ ಮಾಡಿ, ಪರದೆಗೆ ತಂದು ಹೆಸರು ಮಾಡಿದ ಕಲಾವಿದೆ. ದೀಪದ ಬುಡದಲ್ಲಿ ಕತ್ತಲು ಅನ್ನುವ ಹಾಗೆ, ತನ್ನ ಅವ್ವ ಶಾಂತಿಯ ಒಂದು ನೆನಪೂ ಅವಳಲ್ಲಿಲ್ಲ. ಕಂಡದ್ದು ಅಜ್ಜಿಯ ನಡುಮನೆಯಲ್ಲಿ ಹಾರ ಹಾಕಿರುವ ಫೋಟೊ ಒಂದೇ.

ಮಗಳು ಇನ್ನೂ ಕೂಸಾಗಿದ್ದಾಗ ಶಾಂತಿ ಗುಂಡ್ಲುಪೇಟೆ ಕಡೆಗೆ ಚೆಂಡುಹೂ ಕೊಯ್ಯಲು ಹೋಗಿದ್ದಳಂತೆ. ಜ್ವರ ಬಂದು ಅಲ್ಲೇ ತೀರಿಕೊಂಡಳಂತೆ. ಮಣ್ಣೂ ಅಲ್ಲೇ ಆಯಿತಂತೆ. ಅಜ್ಜಿಯ ದುಃಖವೂ ಒಂದು ಥರ. ಹಿರಿಯರ ಹಬ್ಬಕ್ಕೆ ತಾತನಿಗೆ ತಪ್ಪದೆ ಎಡೆ ಇಡುವವಳು ಮಗಳಿಗೆ ಎಂದೂ ಇಟ್ಟವಳಲ್ಲ. ಕೇಳಿದರೆ, “ಅವ್ಳು ಉಂಡಿರ್ತಾಳೆ ಬುಡು” ಎಂದು ಒಲೆಯ ಕಡೆ ತಿರುಗುತ್ತಿದ್ದಳು. ಹೆತ್ತ ಹೊಟ್ಟೆಗೆ ಸಾವನ್ನು ಒಪ್ಪಲು ಕಷ್ಟವೆಂದು ಶಿವರಂಜಿನಿ ಅಂದುಕೊಳ್ಳುತ್ತಿದ್ದಳು.

ನಾಳೆ ತೆರೆಯಲಿರುವ ಈ ಪ್ರದರ್ಶನಕ್ಕೆ ಹಳೆಯ ಟಿವಿ ಹುಡುಕುತ್ತ ಗುಂಡ್ಲುಪೇಟೆಯ ಗುಜರಿಗೆ ಹೋದಾಗ, ಮುಚ್ಚಿಹೋದ ಸ್ಟುಡಿಯೊ ಒಂದರ ಕ್ಯಾಸೆಟ್ಟುಗಳ ರಾಶಿಯಲ್ಲಿ ಸೋದರಮಾವ ಮಹದೇವಸ್ವಾಮಿಯ ಮದುವೆಯದೂ ಸಿಕ್ಕಿತು. ಮನೆಯಲ್ಲಿದ್ದ ಪ್ರತಿಯನ್ನು ಇಲಿ ಕಡಿಯಿತೆಂದು ಅಜ್ಜಿ ಹೇಳುತ್ತಿದ್ದಳು. ಹಾಕಿ ನೋಡಿದರೆ, ಕ್ಯಾಮೆರಾ ಅಜ್ಜಿಯ ನಡುಮನೆಯಲ್ಲಿ ಹೊರಳುವಾಗ ಗೋಡೆಗೊರಗಿ ನಿಂತ ಒಬ್ಬಳು. ತಲೆತುಂಬ ಸೆರಗು. ಆಚೆಗಿದ್ದ ಯಾರನ್ನೋ ನೋಡಿ ನಕ್ಕಳು, ನಗುತ್ತಲೇ ಕಣ್ಣೊರೆಸಿಕೊಂಡಳು. ಫೋಟೊದ ಅದೇ ಮುಖ.

ಹೂ ಕೊಯ್ಯಲು ಹೋಗುವ ಮುಂಚಿನ ಅವ್ವನ ಕೊನೆಯ ನಗು ಇದೇ ಇರಬೇಕು ಎಂದುಕೊಂಡಳು ಶಿವರಂಜಿನಿ. ಕಂಪ್ಯೂಟರಿಗೆ ಹಾಕಿದರೆ ಅದರ ಜೀವ ಹೋಗುತ್ತದೆಂದು ಹಟ ಹಿಡಿದು, ಕ್ಯಾಸೆಟ್ಟಿನಿಂದಲೇ ಟಿವಿಗಳಲ್ಲಿ ಮತ್ತೆ ಮತ್ತೆ ಓಡಿಸಿದಳು. ಒಂದು ನೆನಪಾದರೂ ಮರಳೀತು, ಹೋಗಲಿ, ಒಂದು ಹನಿ ಕಣ್ಣೀರಾದರೂ ಬಂದೀತು ಎಂಬ ಆಸೆ. ಎರಡೂ ಬರಲಿಲ್ಲ.

ಈಗ ಆ ಕಿಡಿಗೆ ಟಿವಿಗಳೂ ಸುಟ್ಟುಹೋದವು, ಪ್ಲಗ್ಗು ಮತ್ತೆ ಸಿಕ್ಕಿಸಿದರೂ ಹತ್ತಲಿಲ್ಲ. ಬೇರೆ ಪ್ಲಗ್ಗಿನಲ್ಲಿದ್ದ, ಕ್ಯಾಸೆಟ್ಟು ಓಡಿಸುವ ವಿಸಿಆರ್ ಮಾತ್ರ ಉಳಿದಿತ್ತು. ನಾಳೆ ಬೆಳಗಾದರೆ ಚಾಮರಾಜನಗರದ ಈ ಹಳೆಯ ಅಕ್ಕಿ ಗೋದಾಮಿಗೆ ಜನ ಬರುತ್ತಾರೆ. ಸಂತೆ ಹೊತ್ತಿಗೆ ಮೂರು ಮೊಳ ಎಂಬಂತೆ ಪ್ರೊಜೆಕ್ಟರೊಂದನ್ನು ತರಿಸಿ, ವಿಸಿಆರಿಗೆ ಜೋಡಿಸಿ, ಸುಣ್ಣ ಬಳಿದ ಗೋಡೆಗೆ ತಿರುಗಿಸಿದಳು.

ಅವ್ವ ಗೋಡೆಯೆತ್ತರ ನಿಂತಳು. ಹಳೆಯ ಟಿವಿಗಳು ಚಿತ್ರದ ನಾಲ್ಕೂ ಅಂಚನ್ನು ನುಂಗಿಬಿಡುತ್ತವೆ. ಪ್ರೊಜೆಕ್ಟರಿಗೆ ಆ ಚಾಳಿಯಿಲ್ಲ. ಈವರೆಗೆ ಕಾಣದಿದ್ದದ್ದೂ ಕಂಡಿತು.

ನಗುತ್ತ ನಿಂತ ಶಾಂತಿಯ ತಲೆಯ ಮೇಲೆ, ನಡುಮನೆಯ ಗೋಡೆಯಲ್ಲಿ, ಹೊಸ ಹಾರ ಹಾಕಿದ ಶಾಂತಿಯ ಫೋಟೊ ನೇತಾಡುತ್ತಿತ್ತು.